ಆಸ್ತಿ ತೀರ್ಪಿನ ಮೇಲೆ ಅಪೀಲು ಹಾಕೋ ದಿನ ದಾಟಿದೆಯಾ? ಮೊದಲು ಕ್ಯಾಲೆಂಡರ್ ತೆಗೀರಿ

ಹೋದ ವರ್ಷ ಪಂಚಮಿಗೆ ನಮ್ಮ ಚಿಗವ್ವ ಹಾವೇರಿ ಕಡೆಯ ತವರಿಗೆ ಬಂದು ಹೋದರು. ಅಣ್ಣಂದಿರು ಉಂಡಿ ಕೊಟ್ಟರು, ಸೀರೆ ಕೊಟ್ಟರು, ಜೋಕಾಲಿನೂ ಕಟ್ಟಿದ್ದರು. ಎರಡು ತಿಂಗಳ ಹಿಂದೆಯೇ ವಾಟ್ನಿ (ಆಸ್ತಿ ಪಾಲು) ಕೇಸಿನ ತೀರ್ಪು ಬಂದಿದೆ ಅಂತ ಮಾತ್ರ ಯಾರೂ ಬಾಯಿ ಬಿಡಲಿಲ್ಲ. ಆಗಸ್ಟ್ 20ಕ್ಕೆ ಗದಗ ಜಿಲ್ಲೆಯ ಅವರ ಮನೆಗೆ ಕೋರ್ಟಿನಿಂದ ಎಫ್‌ಡಿಪಿ ನೋಟಿಸ್ ಬಂತು. ಯಾರಿಗೆ ಎಷ್ಟು ಪಾಲು ಅಂತ ತೀರ್ಪಾದಮೇಲೆ ಆಸ್ತಿಯನ್ನ ನಿಜವಾಗಿ ಹಂಚಿಕೊಡೋ ಫೈನಲ್ ಡಿಕ್ರಿ ಪ್ರಕ್ರಿಯೆಯ ನೋಟಿಸ್ ಅದು. ಅದನ್ನ ಓದಿಸಿಕೊಂಡಾಗಲೇ ಅವರಿಗೆ ಗೊತ್ತಾಗಿದ್ದು: ಹೊಲದಲ್ಲಿ ಪಾಲು ಸಿಕ್ಕಿದೆ, ಊರೊಳಗಿನ ಮನೆ ಮತ್ತು ಖುಲ್ಲಾ ಜಾಗದಲ್ಲಿ ಏನೂ ಇಲ್ಲ, ಅಪೀಲಿನ ದಿನ ಯಾವಾಗಲೋ ಮುಗಿದು ಹೋಗಿದೆ.

ಆಮೇಲೆ ನಾನು ಅವರ ಜೊತೆ ಓಡಾಡಿ ಕಲಿತಿದ್ದನ್ನ ಇಲ್ಲಿ ಬರೀತಿದ್ದೀನಿ. ನಾನು ವಕೀಲ ಅಲ್ಲ. ಆದರೆ ವಕೀಲರ ಹತ್ತಿರ ಹೋಗೋ ಮೊದಲು ಏನು ಹಿಡಿದುಕೊಂಡು ಹೋಗಬೇಕು, ಏನು ಕೇಳಬೇಕು, ಎಲ್ಲಿ ಸುಮ್ನೆ ದಿನ ಹಾಳಾಗ್ತವೆ ಅನ್ನೋದು ಈಗ ಗೊತ್ತು. ದಿನ ದಾಟಿದ ಮಾತ್ರಕ್ಕೆ ಕೇಸು ಸತ್ತಿಲ್ಲ, ಆದರೆ ದಾಟಿದ ಒಂದೊಂದು ದಿನಕ್ಕೂ ಲೆಕ್ಕ ಕೊಡಬೇಕು.

ಮೊದಲು ನೋಡಬೇಕಾದ್ದು: ಯಾವ ದಾರಿ ನಿಮ್ಮದು

ತೀರ್ಪು ವಿರುದ್ಧ ಬಂದರೆ ಎಲ್ಲರೂ "ಅಪೀಲು" ಅಂದುಬಿಡ್ತಾರೆ. ಆದರೆ ನೀವು ಕೇಸಿನಲ್ಲಿ ಯಾವ ಜಾಗದಲ್ಲಿ ಇದ್ದಿರಿ ಅನ್ನೋದರ ಮೇಲೆ ದಾರಿ ಬೇರೆ ಬೇರೆ.

ನೀವು ವಾದಿಯೋ ಪ್ರತಿವಾದಿಯೋ ಆಗಿ ವಕಾಲತ್ತು (ವಕೀಲರನ್ನ ನೇಮಿಸೋ ಕಾಗದ) ಹಾಕಿದ್ದು, ಕೈಫಿಯತ್ತು (ದಾವೆಗೆ ಲಿಖಿತ ಉತ್ತರ) ಕೊಟ್ಟಿದ್ದು, ವಿಚಾರಣೆ ನಡೆದು ತೀರ್ಪಾಗಿದ್ದರೆ ಅಪೀಲು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 96. ಚಿಗವ್ವನದು ಇದೇ. ಅವರು ಒಂದು ದಿನವೂ ಕೋರ್ಟು ಮೆಟ್ಟಿಲು ಹತ್ತಿರಲಿಲ್ಲ, ಆದರೆ ಅಣ್ಣ ತಂದ ವಕಾಲತ್ತಿಗೆ ಸಹಿ ಮಾಡಿದ್ದರು. ಕೋರ್ಟಿನ ಲೆಕ್ಕದಲ್ಲಿ ಅವರು ಹಾಜರಿದ್ದಂತೆ.

ಸಮನ್ಸೇ ಬಂದಿಲ್ಲ, ಅಥವಾ ಬಂದರೂ ಹೋಗಲಾಗದೆ ಏಕಪಕ್ಷೀಯ, ಅಂದರೆ ಎಕ್ಸ್‌ಪಾರ್ಟಿ ಡಿಕ್ರಿ (ತೀರ್ಪಿನ ನಿರ್ಧಾರ ಹೇಳೋ ಆದೇಶ) ಆಗಿದೆ ಅಂದರೆ ಅದೇ ಕೋರ್ಟಿಗೆ ಆರ್ಡರ್ 9 ರೂಲ್ 13ರ ಅರ್ಜಿ ಹಾಕಬಹುದು. ಅದಕ್ಕೆ 30 ದಿನದ ಗಡುವು. ಆದರೆ ಸಮನ್ಸ್ ಸರಿಯಾಗಿ ಜಾರಿ ಆಗಿರದಿದ್ದರೆ ಆ 30 ದಿನ ನಿಮಗೆ ಡಿಕ್ರಿ ಗೊತ್ತಾದ ದಿನದಿಂದ ಶುರು. ಇದು ದೊಡ್ಡ ಅನುಕೂಲ. ಅಪೀಲಿಗೆ ಈ ಅನುಕೂಲ ಇಲ್ಲ, ನಿಮಗೆ ಗೊತ್ತಿರಲಿ ಬಿಡಲಿ ತೀರ್ಪಿನ ದಿನದಿಂದಲೇ ಗಡಿಯಾರ ಓಡುತ್ತೆ. ಇನ್ನೊಂದು ಎಚ್ಚರ: ಎಕ್ಸ್‌ಪಾರ್ಟಿ ಡಿಕ್ರಿ ಮೇಲೆ ಅಪೀಲು ಹಾಕಿ ಅದು ವಜಾ ಆಯ್ತು ಅಂದರೆ, ಆಮೇಲೆ ರೂಲ್ 13ರ ಬಾಗಿಲು ಮುಚ್ಚಿಹೋಗುತ್ತೆ. ಯಾವುದು ಮೊದಲು ಅಂತ ವಕೀಲರ ಹತ್ತಿರ ಕೂತು ಮಾತಾಡಿಯೇ ಹೆಜ್ಜೆ ಇಡಿ.

ರಿವ್ಯೂ ಅಂದರೆ ಕೊಟ್ಟ ಜಡ್ಜಿಗೇ "ಇಲ್ಲಿ ಕಣ್ಣಿಗೆ ಕಾಣೋ ತಪ್ಪಿದೆ" ಅಂತ ತೋರಿಸೋದು. ಸರ್ವೇ ನಂಬರ್ ಬಿಟ್ಟುಹೋಗಿದ್ದು, ಎಷ್ಟು ಹುಡುಕಿದರೂ ಆಗ ಸಿಗದಿದ್ದ ದಾಖಲೆ ಈಗ ಸಿಕ್ಕಿದ್ದು, ಇಂಥವಕ್ಕೆ. ಇದಕ್ಕೂ 30 ದಿನ. "ಜಡ್ಜ್ ನಮ್ಮ ಮಾತು ನಂಬಲಿಲ್ಲ" ಅನ್ನೋದಕ್ಕೆ ರಿವ್ಯೂ ಹಾಕಿ ದಿನ ಕಳೀಬೇಡಿ.

ರಾಜಿ ಮಾಡಿಕೊಂಡು ಆದ ಡಿಕ್ರಿ ಮೇಲೆ ಕಲಂ 96ರ ಅಪೀಲು ಬರೋದಿಲ್ಲ. ಲೋಕ ಅದಾಲತ್‌ನಲ್ಲಿ ಮುಗಿದಿದ್ದರಂತೂ ಅಪೀಲೇ ಇಲ್ಲ. ಮೋಸದಿಂದ ಸಹಿ ಮಾಡಿಸಿಕೊಂಡಿದ್ದರೆ ಅದು ಬೇರೆಯೇ ದಾರಿ, ಅದನ್ನ ಈ ಲೇಖನದಲ್ಲಿ ತುರುಕಲ್ಲ.

ಕೇಸಿನಲ್ಲಿ ನಿಮ್ಮ ಹೆಸರೇ ಇಲ್ಲ, ಹೆಣ್ಣುಮಗಳು ಅಂತ ಬಿಟ್ಟೇ ಬಿಟ್ಟಿದ್ದಾರೆ ಅಂದರೆ ಹೆದರಬೇಡಿ. ನೀವು ಪಾರ್ಟಿ ಅಲ್ಲದ ಡಿಕ್ರಿ ಸಾಮಾನ್ಯವಾಗಿ ನಿಮ್ಮನ್ನ ಕಟ್ಟಿಹಾಕೋದಿಲ್ಲ. ಫೈನಲ್ ಡಿಕ್ರಿ ಇನ್ನೂ ಆಗಿಲ್ಲದಿದ್ದರೆ ಅಲ್ಲೇ ಪಾರ್ಟಿ ಆಗೋಕೆ ಅರ್ಜಿ ಹಾಕೋದು, ಇಲ್ಲಾ ಬೇರೆ ದಾವೆ ಹೂಡೋದು, ಎರಡನ್ನೂ ಕೇಳಿ ನೋಡಿ.

ದಿನ ಎಣಿಸೋದು ಹೇಗೆ

ತಾಲೂಕಿನ ಸಿವಿಲ್ ಜಡ್ಜ್ ಕೊಟ್ಟ ತೀರ್ಪಿನ ಮೇಲೆ ಸೀನಿಯರ್ ಸಿವಿಲ್ ಜಡ್ಜ್ ಅಥವಾ ಜಿಲ್ಲಾ ಕೋರ್ಟಿಗೆ ಹೋಗೋದಾದರೆ 30 ದಿನ. ದಾವೆಯ ಮೌಲ್ಯ ಜಾಸ್ತಿ ಇದ್ದು ನೇರವಾಗಿ ಹೈಕೋರ್ಟಿಗೆ ಹೋಗೋ ಕೇಸಾದರೆ 90 ದಿನ. ನಮ್ಮ ಧಾರವಾಡ, ಗದಗ, ಹಾವೇರಿಯವರಿಗೆ ಹೈಕೋರ್ಟ್ ಅಂದರೆ ಧಾರವಾಡ ಪೀಠ. 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆಯ್ತು. ಅದಕ್ಕೂ ಮೊದಲು ಒಂದು ಅಪೀಲಿಗಾಗಿ ರಾತ್ರಿ ಬಸ್ಸು ಹತ್ತಿ ಬೆಂಗಳೂರಿಗೆ ಹೋಗಿ ಬಂದವರನ್ನ ಕೇಳಿ, ಬೆಲೆ ಗೊತ್ತಾಗುತ್ತೆ. ಎಲ್ಲಿಗೆ ಹೋಗಬೇಕು ಅನ್ನೋದು ದಾವೆಯಲ್ಲಿ ಹಾಕಿದ ಮೌಲ್ಯದ ಮೇಲೆ ನಿಲ್ಲುತ್ತೆ, ಈಗಿನ ಮಾರ್ಕೆಟ್ ರೇಟಿನ ಮೇಲೆ ಅಲ್ಲ. ಅದಕ್ಕೆ ವಕೀಲರಿಗೆ ದಾವೆಯ ಪ್ರತಿಯನ್ನೂ ತೋರಿಸಿ.

ಈಗ ಲೆಕ್ಕ. ಚಿಗವ್ವನ ತೀರ್ಪು 2025ರ ಜೂನ್ 3. ತೀರ್ಪಿನ ದಿನ ಲೆಕ್ಕಕ್ಕಿಲ್ಲ, ಜೂನ್ 4ರಿಂದ ಎಣಿಸಿದರೆ 30ನೇ ದಿನ ಜುಲೈ 3. ನಾವು ಅಪೀಲು ಹಾಕಿದ್ದು ಸೆಪ್ಟೆಂಬರ್ 15. ಅಂದರೆ ತಡ 74 ದಿನ.

ಇದೇ ತೀರ್ಪಿಗೆ ಯಾರಾದರೂ ಜೂನ್ 10ಕ್ಕೆ ಕೋರ್ಟಿನ ಸರ್ಟಿಫೈಡ್ ನಕಲಿಗೆ ಅರ್ಜಿ ಕೊಟ್ಟು, ನಕಲು ಜೂನ್ 24ಕ್ಕೆ ತಯಾರಾಗಿದ್ದರೆ ಆ 15 ದಿನ ಲೆಕ್ಕದಿಂದ ಬಿಟ್ಟುಹೋಗ್ತಿತ್ತು. ಕೊನೆ ದಿನ ಜುಲೈ 18 ಆಗ್ತಿತ್ತು. ಕಾಲಮಿತಿ ಕಾಯ್ದೆಯ ಕಲಂ 12 ಕೊಡೋ ರಿಯಾಯಿತಿ ಇದು. ಆದರೆ 30 ದಿನ ಮುಗಿಯೋದರೊಳಗೆ ನಕಲಿಗೆ ಅರ್ಜಿ ಕೊಟ್ಟಿರಬೇಕು. ಆಮೇಲೆ ಕೊಟ್ಟರೆ ಆ ದಿನಗಳು ತಾವಾಗಿ ಕಳೆಯಲ್ಲ, ಅವಕ್ಕೂ ಕಾರಣ ಬರೀಬೇಕು. ಹಾಗಾಗಿ ಇದನ್ನ ಓದುತ್ತಿರೋ ನಿಮ್ಮದು ಇನ್ನೂ 30 ದಿನ ಆಗಿಲ್ಲ ಅಂದರೆ, ಮುಂದೆ ಓದೋದು ಬಿಟ್ಟು ನಾಳೆ ಬೆಳಗ್ಗೆ ನಕಲು ಅರ್ಜಿ ಕೊಟ್ಟು ಬನ್ನಿ.

ಕೊನೆ ದಿನ ಕೋರ್ಟಿಗೆ ರಜೆ ಬಿದ್ದರೆ, ಬೇಸಿಗೆ ರಜೆ ಆದರೂ ಸರಿ, ಕೋರ್ಟು ತೆರೆದ ಮೊದಲ ದಿನ ಹಾಕಬಹುದು. ತೀರ್ಪು ಕೊರೊನಾ ಕಾಲದ್ದಾದರೆ ಸುಪ್ರೀಂ ಕೋರ್ಟ್ 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ದಿನಗಳನ್ನ ಲೆಕ್ಕದಿಂದ ತೆಗೆದಿದೆ, ಅದನ್ನೂ ಕಳೀರಿ.

ನಕಲು ತೆಗೆಸೋದು

ತೀರ್ಪು ಮತ್ತು ಡಿಕ್ರಿ ಎರಡರದ್ದೂ ಸರ್ಟಿಫೈಡ್ ನಕಲು ಬೇಕು. ಕೇಸ್ ನಂಬರ್ ಗೊತ್ತಿಲ್ಲ, ಎಲ್ಲಾ ಕಾಗದ ಅಣ್ಣನ ಹತ್ತಿರ ಇದೆ ಅನ್ನೋರು ಬಹಳ ಜನ. ಫೋನಿನಲ್ಲಿ ಇ-ಕೋರ್ಟ್ಸ್ ಆ್ಯಪ್ ಹಾಕಿಕೊಳ್ಳಿ, ದುಡ್ಡಿಲ್ಲ. ಜಿಲ್ಲೆ, ಕೋರ್ಟು ಆರಿಸಿ ಪಾರ್ಟಿ ಹೆಸರಿನಿಂದ ಹುಡುಕಬಹುದು. ಹೆಸರನ್ನ ಇಂಗ್ಲಿಷಿನಲ್ಲಿ ಹೇಗೆ ಬರೆದಿದ್ದಾರೋ ಗೊತ್ತಿರಲ್ಲ, ನಮ್ಮ ಕಡೆ ಅಡ್ಡಹೆಸರು ಬೇರೆ ಒಂದೊಂದು ಕಾಗದದಲ್ಲಿ ಒಂದೊಂದು ಥರ. ಎರಡು ಮೂರು ಥರ ಬರೆದು ಹುಡುಕಿ. ಸಿಕ್ಕಮೇಲೆ ಕೇಸಿನ ಗುರುತಾದ 16 ಅಕ್ಷರದ ಸಿಎನ್‌ಆರ್ ನಂಬರ್ ಬರೆದಿಟ್ಟುಕೊಳ್ಳಿ, ಮುಂದೆ ಅದೊಂದಿದ್ದರೆ ಸಾಕು. ಆ್ಯಪಿನಲ್ಲಿ ತೀರ್ಪು ಸಿಕ್ಕರೂ ಅದು ಓದೋಕೆ ಮಾತ್ರ, ಸರ್ಟಿಫೈಡ್ ನಕಲಿನ ಕೆಲಸ ಅದರಿಂದ ಆಗಲ್ಲ.

ನಕಲು ಕೈಗೆ ಬಂದಾಗ ಕೊನೇ ಹಾಳೆ ನೋಡಿ. ಅರ್ಜಿ ಕೊಟ್ಟ ದಿನ, ನಕಲು ತಯಾರಾದ ದಿನ, ಕೈಗೆ ಕೊಟ್ಟ ದಿನ ಎಲ್ಲಾ ಅಲ್ಲಿರುತ್ತೆ. ಆ ಮುದ್ರೆಯೇ ನಿಮ್ಮ ಸಾಕ್ಷಿ. ತಯಾರಾದಮೇಲೆ ನೀವು ಹೋಗಿ ತರೋಕೆ ಮಾಡಿದ ತಡ ನಿಮ್ಮದೇ ತಲೆ ಮೇಲೆ ಬರುತ್ತೆ.

ತಡಕ್ಕೆ ಕಾರಣ ಬರೆಯೋದು

ಇಲ್ಲಿ ನಿಧಾನಕ್ಕೆ ಓದಿ. ಕಾಲಮಿತಿ ಕಾಯ್ದೆ 1963ರ ಕಲಂ 5ರ ಪ್ರಕಾರ "ಸಾಕಷ್ಟು ಕಾರಣ" ಇದ್ದರೆ ಕೋರ್ಟು ತಡವನ್ನ ಮನ್ನಿಸಬಹುದು. ಅಪೀಲಿನ ಜೊತೆಗೇ ಒಂದು ಐ.ಎ. (ಮಧ್ಯಂತರ ಅರ್ಜಿ), ಅದರ ಜೊತೆ ನಿಮ್ಮ ಪ್ರಮಾಣಪತ್ರ. ವಕೀಲರ ಆಫೀಸಿನಲ್ಲಿ ಇದನ್ನ ಡಿಲೇ ಅರ್ಜಿ ಅಂತಾರೆ. ಬಹಳ ಕಡೆ ಇದಕ್ಕೆ ಒಂದು ತಯಾರಿ ನಮೂನೆ ಇರುತ್ತೆ: "ಅರ್ಜಿದಾರಳು ಅನಾರೋಗ್ಯದಿಂದ ಬಳಲುತ್ತಿದ್ದುದರಿಂದ" ಅಂತ ಶುರುವಾಗಿ ಆರು ಸಾಲಿನಲ್ಲಿ ಮುಗಿಯುತ್ತೆ. ಅಂಥದ್ದಕ್ಕೆ ಕಣ್ಣುಮುಚ್ಚಿ ಸಹಿ ಮಾಡಬೇಡಿ.

ನಮ್ಮಲ್ಲೂ ಆ ಮಾತು ಬಂತು. ಸಂಬಂಧಿಕರೊಬ್ಬರು "ಟೈಫಾಯ್ಡ್ ಅಂತ ಒಂದ್ ಸರ್ಟಿಫಿಕೇಟ್ ತರ್ಸೂಣು, ಮುಗೀತು" ಅಂದರು. ವಕೀಲರು ಒಪ್ಪಲಿಲ್ಲ. ಕನ್ನಡಕ ತೆಗೆದು ಟೇಬಲ್ ಮೇಲಿಟ್ಟು ಚಿಗವ್ವನ್ನೇ ಕೇಳಿದರು.

"ಅಮ್ಮಾರ, ನೋಟಿಸ್ ಬಂದದ್ದು ಆಗಸ್ಟ್ 20. ನಕಲಿಗೆ ಅರ್ಜಿ ಕೊಟ್ಟದ್ದು ಸೆಪ್ಟೆಂಬರ್ 1. ನಡುವ ಹನ್ನೆರಡ ದಿವಸ ಏನ್ ಮಾಡಿದ್ರಿ?"

"ಹೆಸರುಕಾಳು ಬಿಡಸಾಕ ಹತ್ತಿದ್ವಿರಿ. ಮಳಿ ಹಿಡಿದಿತ್ತು, ಬಿಟ್ಟ ಬಂದ್ರ ಕಾಯಿ ಹೊಲದಾಗ ಕೊಳೀತಿದ್ವು. ಮತ್ತ ಚವತಿ ಬಂತು."

"ಇದನ್ನ ಬರೀತೀನಿ. ಆಳಿನ ಲೆಕ್ಕ ಬರದಿಟ್ಟೀರೇನು?"

ಬರೆದಿಟ್ಟಿದ್ದರು. ಅಡುಗೆ ಮನೆ ಗೋಡೆಯ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕದ ಪಕ್ಕ, ಎಷ್ಟು ಆಳು, ಎಷ್ಟು ಪಗಾರ ಅಂತ ಪೆನ್ಸಿಲಿನಲ್ಲಿ. ಆಗಸ್ಟ್ 27ಕ್ಕೆ ಗಣೇಶ ಚವತಿ, ಅವತ್ತಿನ ಚೌಕ ಖಾಲಿ. ಅದೇ ಹಾಳೆ ಕಿತ್ತುಕೊಂಡು ಬಂದೆವು. ಎಪಿಎಂಸಿಯಲ್ಲಿ ಹೆಸರುಕಾಳು ಹಾಕಿದ ಪಟ್ಟಿನೂ ಇತ್ತು. ಇದರಿಂದಲೇ ಮನ್ನಾ ಆಗಿಬಿಡುತ್ತೆ ಅಂತಲ್ಲ, ಆದರೆ ಹೇಳಿದ ಮಾತಿಗೆ ಕಾಗದ ನಿಂತಿತು.

ಪ್ರಮಾಣಪತ್ರ ಬರೆಸುವಾಗ ತಡವನ್ನ ತುಂಡು ತುಂಡು ಮಾಡಿಕೊಳ್ಳಿ. ನಮ್ಮದು ನಾಲ್ಕು ತುಂಡಾಯ್ತು. ತೀರ್ಪಿನಿಂದ ನೋಟಿಸ್ ಬರೋವರೆಗೆ, ನೋಟಿಸಿನಿಂದ ನಕಲು ಅರ್ಜಿಯವರೆಗೆ, ಅರ್ಜಿಯಿಂದ ಸೆಪ್ಟೆಂಬರ್ 11ಕ್ಕೆ ನಕಲು ಸಿಗೋವರೆಗೆ, ಅಲ್ಲಿಂದ ಹಾಕೋವರೆಗೆ. ಬಹಳ ಜನ ಮೊದಲ ತುಂಡನ್ನ ಎರಡು ಪುಟ ಬರೀತಾರೆ, ಗೊತ್ತಾದಮೇಲೆ ಏನು ಮಾಡಿದಿರಿ ಅನ್ನೋದನ್ನ ಬಿಟ್ಟುಬಿಡ್ತಾರೆ. ಎದುರಿನವರು ಹಿಡಿಯೋದು ಅಲ್ಲೇ.

ಇನ್ನು ನಿಮಗೆ ಕಹಿ ಅನ್ನಿಸೋ ವಿಷಯವನ್ನ ನೀವೇ ಮೊದಲು ಬರೀರಿ. ಚಿಗವ್ವ ಜುಲೈ 29ಕ್ಕೆ ಪಂಚಮಿಗೆ ತವರಿಗೆ ಬಂದಿದ್ದರು ಅಲ್ವಾ? ಅದನ್ನ ಬರೆಯೋದು ಬೇಡ ಅಂತ ನಾನೇ ಹೇಳಿದ್ದೆ. ವಕೀಲರು ಬರೆಸಿದರು: ಬಂದಿದ್ದೆ, ಎರಡು ದಿನ ಇದ್ದೆ, ತೀರ್ಪಿನ ವಿಷಯ ಯಾರೂ ಹೇಳಲಿಲ್ಲ. ಆಮೇಲೆ ಅಣ್ಣಂದಿರ ತಕರಾರು ಬಂತು ನೋಡಿ, ಮೊದಲ ಸಾಲೇ ಅದು: "ಪಂಚಮಿಗೆ ಬಂದಾಗಲೇ ತಿಳಿಸಿದ್ದೆವು." ನಾವು ಮುಚ್ಚಿಟ್ಟಿದ್ದರೆ ಅವತ್ತೇ ನಮ್ಮ ಮಾತಿನ ಬೆಲೆ ಹೋಗ್ತಿತ್ತು. ಹೇಳಿದ್ದೆವು ಅನ್ನೋದನ್ನ ಅವರು ತೋರಿಸಬೇಕಾಯ್ತು.

ಯಾವ ಕಾರಣ ನಿಲ್ಲುತ್ತೆ, ಯಾವುದು ನಿಲ್ಲಲ್ಲ

ಆಸ್ಪತ್ರೆಗೆ ಸೇರಿದ್ದರೆ ಡಿಸ್ಚಾರ್ಜ್ ಕಾರ್ಡು, ಔಷಧಿ ಬಿಲ್ಲು ಕೊಡಿ. "ಬೆಡ್ ರೆಸ್ಟ್" ಅಂತ ಒಂದೇ ಸಾಲಿನ ಚೀಟಿ ಸಾಲಲ್ಲ. ಮನೆಯಲ್ಲಿ ಸಾವಾಗಿದ್ದರೆ ಮರಣ ಪತ್ರ. ತಿಳಿಯದೆ ತಪ್ಪು ಕೋರ್ಟಿಗೆ ಹೋಗಿ ದಿನ ಕಳೆದಿದ್ದರೆ ಆ ಕೋರ್ಟಿನ ಕಾಗದ, ಕಾಲಮಿತಿ ಕಾಯ್ದೆಯ ಕಲಂ 14ರ ಆಸರೆ ಅದಕ್ಕಿದೆ.

ವಕೀಲರು ತಿಳಿಸಲಿಲ್ಲ ಅನ್ನೋದು ಎಲ್ಲರ ಬಾಯಲ್ಲಿ ಬರೋ ಕಾರಣ. 1998ರಲ್ಲಿ ಸುಪ್ರೀಂ ಕೋರ್ಟು ಇದೇ ಕಾರಣಕ್ಕೆ 883 ದಿನದ ತಡವನ್ನ ಮನ್ನಿಸಿದ್ದೂ ಇದೆ. ಎಷ್ಟು ದಿನ ಅನ್ನೋದಕ್ಕಿಂತ ಕಾರಣ ಒಪ್ಪೋ ಹಾಗಿದೆಯಾ ಅನ್ನೋದೇ ಮುಖ್ಯ ಅಂತ ಅಲ್ಲಿ ಹೇಳಿತು. ಆದರೆ ಆ ಕೇಸಿನಲ್ಲಿ ತಡ ಮಾಡಿದ ಮನುಷ್ಯ ಸುಮ್ನೆ ಕೂತಿರಲಿಲ್ಲ, ತನ್ನ ವಕೀಲರ ಮೇಲೆ ಗ್ರಾಹಕರ ಕೋರ್ಟಿಗೆ ಹೋಗಿ ಪರಿಹಾರ ಪಡೆದಿದ್ದ. ನೀವು ವಕೀಲರಿಗೆ ಫೋನ್ ಮಾಡಿದ್ದು, ವಾಟ್ಸಾಪ್‌ನಲ್ಲಿ "ಮುದ್ದತ್ (ಮುಂದಿನ ವಿಚಾರಣೆ ದಿನ) ಯಾವಾಗ ಸರ್" ಅಂತ ಕೇಳಿದ್ದು ಇದ್ದರೆ ಅಳಿಸಬೇಡಿ. ಏನೂ ಕೇಳದೆ ಮೂರು ವರ್ಷ ಇದ್ದು ಈಗ ವಕೀಲರ ಮೇಲೆ ಹಾಕಿದರೆ ನಡೆಯೋದು ಕಷ್ಟ.

ಓದು ಬರಹ ಬರಲ್ಲ, ಕಾನೂನು ಗೊತ್ತಿಲ್ಲ ಅನ್ನೋದಷ್ಟೇ ಸಾಲಲ್ಲ. ಬೇರೆ ಕಾರಣದ ಜೊತೆ ಸೇರಿದರೆ ತೂಕ ಬರುತ್ತೆ.

ಸುಪ್ರೀಂ ಕೋರ್ಟು ಎರಡೂ ಕಡೆ ಮಾತಾಡಿದೆ ಅನ್ನೋದು ನೆನಪಿರಲಿ. 1987ರ ಅನಂತನಾಗ್ ಭೂಸ್ವಾಧೀನದ ಕೇಸಿನಲ್ಲಿ, ದಿನ ದಿನಕ್ಕೆ ಕಾರಣ ಕೊಡಿ ಅಂದರೆ ಗಂಟೆ ಗಂಟೆಗೆ ಅಂತ ಅರ್ಥ ಅಲ್ಲ, ಉದಾರವಾಗಿ ನೋಡಿ ಅಂದಿತು. 2013ರಲ್ಲಿ ನಮ್ಮ ಕರ್ನಾಟಕದಿಂದಲೇ ಹೋದ ಭೂಸ್ವಾಧೀನದ ಕೇಸಿನಲ್ಲಿ ಐದೂವರೆ ವರ್ಷದ ತಡಕ್ಕೆ ಸರಿಯಾದ ಕಾರಣ ಇಲ್ಲ ಅಂತ ಬಾಗಿಲು ಹಾಕಿತು. ಎರಡನೆಯದನ್ನ ಎದುರಿನ ವಕೀಲರು ಖಂಡಿತ ಓದ್ತಾರೆ.

ಹೆಣ್ಣುಮಕ್ಕಳ ಪಾಲಿನ ವಿಷಯದಲ್ಲಿ ಒಂದು ಗೊಂದಲ ಇದೆ. 2020ರ ಆಗಸ್ಟ್ 11ರ ವಿನೀತಾ ಶರ್ಮಾ ತೀರ್ಪಿನಲ್ಲಿ, ಮಗಳಿಗೆ ಹುಟ್ಟಿನಿಂದಲೇ ಪಿತ್ರಾರ್ಜಿತದಲ್ಲಿ ಹಕ್ಕು, ಹಿಂದೂ ಉತ್ತರಾಧಿಕಾರ ಕಾಯ್ದೆಗೆ ತಿದ್ದುಪಡಿ ಆದ 2005ರಲ್ಲಿ ಅಪ್ಪ ಬದುಕಿರಬೇಕಿಲ್ಲ ಅಂತ ಆಯ್ತು. ಇದನ್ನ ಕೇಳಿ "ನನ್ನ 2012ರ ತೀರ್ಪಿನ ಮೇಲೆ ಈಗ ಅಪೀಲು ಹಾಕ್ತೀನಿ" ಅಂತ ಹೊರಡೋರಿದ್ದಾರೆ. ಕಾನೂನು ಆಮೇಲೆ ಬದಲಾಯ್ತು ಅನ್ನೋದು ತಡಕ್ಕೆ ಕಾರಣ ಆಗಲ್ಲ ಅಂತ ಸುಪ್ರೀಂ ಕೋರ್ಟು 2024ರಲ್ಲಿ ಹೇಳಿದೆ. ಆದರೆ ಯಾರಿಗೆ ಎಷ್ಟು ಪಾಲು ಅಂತ ಹೇಳೋ ಪ್ರಿಲಿಮಿನರಿ ಡಿಕ್ರಿ ಮಾತ್ರ ಆಗಿ ಫೈನಲ್ ಡಿಕ್ರಿ ಇನ್ನೂ ಬಾಕಿ ಇದ್ದರೆ, ಅದೇ ಕೋರ್ಟಿನಲ್ಲಿ ಪಾಲು ತಿದ್ದಿಕೊಡಿ ಅಂತ ಕೇಳಬಹುದು. ಅಪೀಲಿಗಿಂತ ಅದು ಹತ್ತಿರದ ದಾರಿ.

ಚಿಗವ್ವನ ಕೇಸಿನಲ್ಲಿ ಮನೆ ಜಾಗ ಬಿಟ್ಟುಹೋಗಿದ್ದು ಅಣ್ಣಂದಿರ "ಬಾಯಿಮಾತಿನ ವಾಟ್ನಿ"ಯಿಂದ. ಅಪ್ಪ ಇದ್ದಾಗಲೇ ಮನೆ ನಮಗೆ ಹಂಚಿದ್ದ ಅಂತ. ಅಂಥ ಬಾಯಿಮಾತನ್ನ ಸರ್ಕಾರಿ ದಾಖಲೆಯ ಬೆಂಬಲ ಇಲ್ಲದೆ ಸುಲಭಕ್ಕೆ ಒಪ್ಪಬಾರದು ಅಂತಲೂ ವಿನೀತಾ ಶರ್ಮಾ ತೀರ್ಪಿನಲ್ಲಿದೆ. ಸಿಟಿ ಸರ್ವೇ ಉತಾರದಲ್ಲಿ (ಆಸ್ತಿ ಯಾರ ಹೆಸರಲ್ಲಿದೆ ಅಂತ ತೋರಿಸೋ ದಾಖಲೆ) ಇವತ್ತಿಗೂ ಅಜ್ಜನ ಹೆಸರೇ ಇದೆ. ಇದನ್ನ ಯಾಕೆ ಹೇಳ್ತಿದ್ದೀನಿ ಅಂದರೆ, ತಡದ ಅರ್ಜಿ ಕೇಳುವಾಗ ಜಡ್ಜು ಅಪೀಲಿನಲ್ಲಿ ಏನಾದರೂ ಹುರುಳಿದೆಯಾ ಅಂತ ಒಂದು ಕಣ್ಣು ಹಾಯಿಸ್ತಾರೆ. ಪ್ರಮಾಣಪತ್ರದಲ್ಲಿ ಎರಡು ಸಾಲು ಅದಕ್ಕೂ ಇರಲಿ.

ಹಾಕಿದಮೇಲೆ

ಅಪೀಲು ಹಾಕಿದ ತಕ್ಷಣ ಎಲ್ಲಾ ನಿಂತುಹೋಗುತ್ತೆ ಅಂದುಕೊಳ್ಳಬೇಡಿ. ಸ್ಟೇಗೆ ಬೇರೆ ಅರ್ಜಿ ಬೇಕು, ಮತ್ತೆ ತಡವಾಗಿ ಬಂದ ಅಪೀಲಿನಲ್ಲಿ ಆರ್ಡರ್ 41 ರೂಲ್ 3ಎ ಅಡ್ಡ ಬರುತ್ತೆ: ತಡದ ವಿಷಯ ತೀರಿ, ಅಪೀಲು ಕೇಳ್ತೀವಿ ಅಂತ ಕೋರ್ಟು ನಿರ್ಧಾರ ಮಾಡೋವರೆಗೆ ಡಿಕ್ರಿ ಜಾರಿಗೆ ತಡೆ ಕೊಡೋ ಹಾಗಿಲ್ಲ. ಅದಕ್ಕೇ ತಡದ ಅರ್ಜಿ ಬೇಗ ಕೇಳಿಸೋ ಹಾಗೆ ನೋಡಿಕೊಳ್ಳಿ. ಈ ಕಡೆ ಎಫ್‌ಡಿಪಿ ನಡೀತಿದ್ದರೆ ಅಲ್ಲಿಗೆ ಹೋಗದೆ ಇರಬೇಡಿ. ಹಾಜರಾಗಿ, ಅಪೀಲು ಹಾಕಿದ್ದೀವಿ ಅಂತ ಮೆಮೊ ಕೊಡಿಸಿ. ಮತ್ತೊಂದು, ಪ್ರಿಲಿಮಿನರಿ ಡಿಕ್ರಿಯಲ್ಲಿ ಪಾಲು ತಪ್ಪಿದ್ದರೆ ಅಪೀಲು ಅದರ ಮೇಲೆಯೇ ಆಗಬೇಕು. "ಫೈನಲ್ ಆಗಲಿ, ಆಮೇಲೆ ಒಟ್ಟಿಗೆ ನೋಡೋಣ" ಅಂದರೆ ಕಲಂ 97 ಬಿಡಲ್ಲ, ಆ ತಪ್ಪನ್ನ ಆಮೇಲೆ ಎತ್ತೋ ಹಾಗಿಲ್ಲ. ಸುಗ್ಗಿ ಮುಗೀಲಿ, ಮಗಳ ಮದುವೆ ಮುಗೀಲಿ ಅಂತ ಕಾಯೋರು ಇಲ್ಲೇ ಸಿಕ್ಕಿಬೀಳೋದು.

ನಡುವೆ ಯಾರಾದರೂ ಜಾಗ ಮಾರಿದರೆ ಕೊಂಡವರು ಕೇಸಿನ ಫಲಕ್ಕೆ ಬದ್ಧರು, ಆಸ್ತಿ ವರ್ಗಾವಣೆ ಕಾಯ್ದೆಯ ಕಲಂ 52. ಆದರೂ ಆಗಾಗ ಉತಾರ ತೆಗೆದು ನೋಡ್ತಾ ಇರಿ.

ತಡದ ಅರ್ಜಿಯಲ್ಲಿ ಎದುರಿನವರು ತಕರಾರು ಹಾಕ್ತಾರೆ, ಕೆಲವು ಸಲ ನಿಮ್ಮನ್ನ ಕಟಕಟೆಗೆ ಕರೆದು ಪಾಟೀ ಸವಾಲು ಮಾಡ್ತಾರೆ. ಚಿಗವ್ವನಿಗೂ ಮಾಡಿದರು. "ಪಂಚಮಿ ದಿವಸ ಅಣ್ಣಾರ ಕೂಡ ಏನ್ ಮಾತಾಡಿದ್ರಿ?" ಅಂತ ಕೇಳಿದಾಗ "ಉಂಡಿ ಸಿಹಿ ಜಾಸ್ತಿ ಆಗೇತಿ ಅಂದೆ" ಅಂದರು, ಅಷ್ಟೇ. ಸುಳ್ಳು ಟೈಫಾಯ್ಡ್ ಬರೆಸಿದ್ದರೆ ಯಾವ ಡಾಕ್ಟರ್, ಎಷ್ಟು ದಿನ, ಯಾವ ಗುಳಿಗೆ ಅನ್ನೋದಕ್ಕೆ ಏನು ಹೇಳ್ತಿದ್ದರೋ.

ಕೋರ್ಟು ತಡ ಮನ್ನಿಸಿತು, ಎದುರಿನವರಿಗೆ 1,000 ರೂಪಾಯಿ ಖರ್ಚು ಕೊಡಿ ಅಂತ ಷರತ್ತು ಹಾಕಿ. ಇಂಥ ಆದೇಶ ಬಂದರೆ ಕೊಟ್ಟ ದಿನದೊಳಗೆ ಕಟ್ಟಿ ರಸೀದಿ ಇಟ್ಟುಕೊಳ್ಳಿ. ಅದನ್ನ ಮರೆತರೆ ಗೆದ್ದ ಅರ್ಜಿಯೂ ಕೈತಪ್ಪುತ್ತೆ. ಅರ್ಜಿ ವಜಾ ಆಗಿ ಅದರ ಜೊತೆ ಅಪೀಲೂ ಹೋದರೆ ಧಾರವಾಡ ಪೀಠಕ್ಕೆ ಎರಡನೇ ಅಪೀಲು ಹಾಕಬಹುದು, 90 ದಿನ. ಅಲ್ಲಿ ಕಾನೂನಿನ ದೊಡ್ಡ ಪ್ರಶ್ನೆ ಇದ್ದರೆ ಮಾತ್ರ ಕೇಳ್ತಾರೆ.

ದುಡ್ಡಿನ ಚಿಂತೆ ಇರೋ ಹೆಣ್ಣುಮಕ್ಕಳಿಗೆ: ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ 1987ರ ಪ್ರಕಾರ ಮಹಿಳೆಯರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗ್ತಾರೆ. ತಾಲೂಕು ಕೋರ್ಟಿನ ಆವರಣದಲ್ಲೇ ಸಮಿತಿಯ ಆಫೀಸು ಇರುತ್ತೆ, ಇಲ್ಲಾ 15100ಕ್ಕೆ ಫೋನ್ ಮಾಡಿ. ಹೋಗುವಾಗ ನೋಟಿಸು, ಉತಾರ, ಆಧಾರ್ ಮತ್ತು ಆ ವರ್ಷದ ಕ್ಯಾಲೆಂಡರ್ ಚೀಲದಲ್ಲಿ ಹಾಕಿಕೊಳ್ಳಿ.

ಚಿಗವ್ವನ ಅಪೀಲಿಗೆ ಈಗ ಆರ್.ಎ. (ರೆಗ್ಯುಲರ್ ಅಪೀಲು) ನಂಬರ್ ಬಿದ್ದಿದೆ. ಮುದ್ದತ್ ಯಾವಾಗ ಅಂತ ಯಾರನ್ನೂ ಕೇಳಲ್ಲ, ಮೊಮ್ಮಗಳ ಕೈಲಿ ಫೋನಿನಲ್ಲಿ ನೋಡಿಸಿ ಗೋಡೆಯ ಹೊಸ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕದ ಪಕ್ಕ ಪೆನ್ಸಿಲಿನಲ್ಲಿ ಗೀಟು ಹಾಕ್ತಾರೆ.